ನಿಂಬರ್ಗಾದ ನಲವತ್ತೇಳು ಚಾಳೀಸು

೨ ಅಕ್ಟೋಬರ್ ೧೯೯೬, ಆಳಂದ

ಗಾಂಧಿ ಜಯಂತಿಯ ಶುಭದಿನ ನಮ್ಮ ಕಚೇರಿ ಕಾಗದಮುಕ್ತವಾಯಿತು. ಬಸವಂತರಾಯ ದೃಷ್ಟಿ ಪ್ರತಿಷ್ಠಾನದ ಶಿಬಿರದಲ್ಲಿ ಆಗಸ್ಟ್ ತಿಂಗಳು ಕಣ್ಣಿನ ಪೊರೆ ತೆಗೆಸಿಕೊಂಡ ನಾಲ್ಕುನೂರ ಹನ್ನೆರಡು ಫಲಾನುಭವಿಗಳ ವಿವರ ಪೂರ್ತಿ ಕಂಪ್ಯೂಟರಿಗೆ ಏರಿದೆ. ಹೆಸರು, ಊರು, ಯಾವ ಕಣ್ಣು, ಎಷ್ಟು ಪವರಿನ ಕನ್ನಡಕ (ಈ ಕಡೆಯವರ ಬಾಯಲ್ಲಿ ಚಾಳೀಸು), ಎಲ್ಲವೂ.

“ಇನ್ನ ಈ ಹಾಳಿ ಯಾಕ ಬೇಕ್ರಿ ಮಾಸ್ತರ?” ಎಂದರು ಸಾವ್ಕಾರರು. ಬಸವಂತರಾಯರನ್ನು ಊರೆಲ್ಲ ಸಾವ್ಕಾರರೆಂದೇ ಕರೆಯುತ್ತದೆ. ಬೇಳೆ ಮಿಲ್ಲು ಅವರದು, ಪ್ರತಿಷ್ಠಾನ ಅವರದು, ಹೆಸರೂ ಅವರದು. ನಿವೃತ್ತ ಹೆಡ್‌ಮಾಸ್ತರನಾದ ನಾನು ಗೌರವ ಕಾರ್ಯದರ್ಶಿ. ಅವರ ಮಾತು ಮುಗಿಯುವ ಮೊದಲೇ ಹೌದೆಂದೆ. ರೋಗಿಗಳಿಂದ ವಾಪಸು ಪಡೆದ ನಂಬರಿನ ಚೀಟಿಗಳ ಸಮೇತ ಆರು ಗಂಟು ಕೇಸ್ ಪೇಪರು ರದ್ದಿಗೆ ಹೋಯಿತು. ಗಂಟಿನ ಮೇಲೆ ಕೈಯಿಟ್ಟು ಸಾವ್ಕಾರರು ಫೋಟೋ ತೆಗೆಸಿಕೊಂಡರು. ಇನ್ನೊಂದು ಕೈ ನನ್ನದು.

ಕಂಪ್ಯೂಟರ್ ಆಪರೇಟರ್ ಅಮೀರುನ್ನಿಸಾ ಅಡ್ಡಬಾಯಿ ಹಾಕಿದಳು. “ಸರ್, ಹಾಳಿ ಕೊಡೂಕಿಂತ ಮೊದಲ ಫ್ಲಾಪಿ ಮ್ಯಾಲ ಇನ್ನೊಂದು ಕಾಪಿ ತಕ್ಕೋತೇನ್ರಿ. ನಾಕು ಫ್ಲಾಪಿ ತರಸ್ರಿ.”

ಮೂವತ್ತೆಂಟು ವರ್ಷ ನಾನು ಒಂದು ತರಗತಿಗೆ ಒಂದೇ ಹಾಜರಿ ಪುಸ್ತಕ ಇಟ್ಟವನೆಂದೂ, ಎರಡು ಪುಸ್ತಕ ಇಡುವವನಿಗೆ ಮೊದಲನೆಯದರ ಮೇಲೆ ನಂಬಿಕೆಯಿಲ್ಲವೆಂದೂ ತಿಳಿಹೇಳಿದೆ. “ಆಯ್ತ್ರಿ ಸರ್” ಎಂದಳು. ಹುಡುಗಿ ವಿಧೇಯಳು.

೫ ಅಕ್ಟೋಬರ್

ಶನಿವಾರ. ಅಮೀರುನ್ನಿಸಾ ಮಧ್ಯಾಹ್ನಕ್ಕೇ ಮನೆಗೆ ಹೋದಳು. ಸಾವ್ಕಾರರ ಇಂಗ್ಲಿಷ್ ಜೀವನಚರಿತ್ರೆಯನ್ನು ನಾನೇ ಟೈಪು ಮಾಡುತ್ತ ಕುಳಿತೆ. ಬೆಂಗಳೂರಿನ ಒಂದು ಪ್ರಶಸ್ತಿಗೆ ಕಳಿಸಬೇಕಂತೆ. ಎಂಟು ಪುಟ ಆಯಿತು. ಬಾಲ್ಯದ ಭಾಗ ಅದ್ಭುತವಾಗಿ ಬಂದಿದೆ. ಉಳಿಸಲು ಹೋದರೆ ಡಿಸ್ಕಿನಲ್ಲಿ ಜಾಗವಿಲ್ಲ ಎಂದಿತು.

ಅಮೀರುನ್ನಿಸಾಳಿಂದ ಮೂರು ಕಮಾಂಡು ಕಲಿತಿದ್ದೇನೆ. ಒಂದು ತೋರಿಸುವುದು, ಒಂದು ಒಳಗೆ ಹೋಗುವುದು, ಒಂದು ಅಳಿಸುವುದು. ‘ಪ್ಯಾಟ್’ ಎಂಬ ಅರ್ಥವಿಲ್ಲದ ಹೆಸರಿನ ಒಂದು ಖಾನೆ ಕಂಡಿತು. ಹುಡುಗಿಯ ಅಭ್ಯಾಸದ ಕಸವಿರಬೇಕೆಂದು ಅದರೊಳಗಿದ್ದುದನ್ನೆಲ್ಲ ಅಳಿಸಿದೆ. ಖಚಿತವೇ ಎಂದು ಯಂತ್ರ ಕೇಳಿತು. ನನ್ನ ಸೇವಾವಧಿಯಲ್ಲಿ ನಾನು ಖಚಿತನಾಗಿರದ ಗಳಿಗೆ ಒಂದೂ ಇಲ್ಲ. ಹೌದೆಂದು ಒತ್ತಿದೆ.

ಎಂಟೂ ಪುಟ ಸುಖವಾಗಿ ಕುಳಿತವು.

೭ ಅಕ್ಟೋಬರ್

ಪ್ಯಾಟ್ ಎಂದರೆ ಪೇಶಂಟ್ ಅಂತೆ.

ಬೆಳಿಗ್ಗೆ ಯಂತ್ರ ಹಚ್ಚಿದ ಅಮೀರುನ್ನಿಸಾಳ ಮುಖ ಬಿಳಿಚಿಹೋಯಿತು. “ಸರ್, ಊರಿನ ಫೈಲ್ ಒಂದೂ ಇಲ್ರಿ! ನಿಂಬರ್ಗಾ ಇಲ್ಲ, ಜಿಡಗಾ ಇಲ್ಲ, ಭೂಸನೂರ ಇಲ್ಲ. ಯಾರರೆ ಮುಟ್ಟಿದ್ರೇನ್ರಿ?”

ಯಾರಾದರೂ ಮುಟ್ಟಿದರೇ ಎಂಬುದು ಸಾಮಾನ್ಯ ಪ್ರಶ್ನೆ. ನನ್ನನ್ನೇ ಉದ್ದೇಶಿಸಿ ಕೇಳಿದ್ದಲ್ಲ. ಕೇಳದ ಪ್ರಶ್ನೆಗೆ ಉತ್ತರಿಸುವುದು ಶಿಸ್ತಲ್ಲ.

ಸೊಲ್ಲಾಪುರದಿಂದ ಇವತ್ತೇ ಎರಡು ಟ್ರಂಕು ಕನ್ನಡಕ ಬಂದಿಳಿದವು. ಪೊಟ್ಟಣಗಳ ಮೇಲೆ ಬರೀ ನಂಬರು, ಹೆಸರಿಲ್ಲ. ನಂಬರು ಮತ್ತು ಪವರು ಇಷ್ಟು ಕಳಿಸಿದರೆ ಸಾಕು, ಹಳ್ಳಿಯವರ ಹೆಸರು ಕಟ್ಟಿಕೊಂಡು ಅಂಗಡಿಯವನಿಗೇನಾಗಬೇಕು ಎಂದು ಹೇಳಿದ್ದು ನಾನೇ. ಸಂಕ್ಷಿಪ್ತತೆ ನನ್ನ ಸ್ವಭಾವ.

೮ ಅಕ್ಟೋಬರ್

ಸಾವ್ಕಾರರು ಮಿಲ್ಲಿನಿಂದ ನೇರವಾಗಿ ಬಂದರು, ಹುಬ್ಬಿನ ಮೇಲೆ ತೊಗರಿಯ ಧೂಳು. “ಯಾರ ಮಾಡಿದ್ದಿದು? ಈ ಮಶೀನಿನ ಮುಂದ ಕುಂದರೂದು ಯಾರು?” ಕೂರುವವಳು ಅಮೀರುನ್ನಿಸಾ, ಅದು ಸತ್ಯ. ಯಾರೂ ಬೇರೆ ಏನೂ ಹೇಳಲಿಲ್ಲ.

“ನಾಳಿಯಿಂದ ಬರಬ್ಯಾಡ ಬೇ ನೀ” ಎಂದರು.

ಅವಳು ನನ್ನ ಕಡೆ ನೋಡಿದಳು. ನಾನು ಕೇಸ್ ಪೇಪರು ಇಡುತ್ತಿದ್ದ ಖಾಲಿ ಕಪಾಟಿನ ಕಡೆ ನೋಡಿದೆ. ನಾನು ಸುಳ್ಳು ಹೇಳಿಲ್ಲ ಎಂಬುದನ್ನು ಇಲ್ಲಿ ದಾಖಲಿಸುತ್ತೇನೆ.

೧೧ ಅಕ್ಟೋಬರ್

ನಿಂಬರ್ಗಾದಿಂದ ಒಬ್ಬ ಮುದುಕಿ ಬಂದಿದ್ದಳು. ನಿಂಬೆವ್ವ ಅಂತೆ. ಕಟ್ಟೆಯನ್ನು ಕೈಯಿಂದ ತಡವಿ ಕುಳಿತಳು.

“ಚಾಳೀಸು ಬಂದಾವಂತಲ್ರಿ. ನಂದು ಕೊಡ್ರಿ.”

ನಂಬರು ಕೇಳಿದೆ. “ನಂಬರಿನ ಚೀಟಿ ನೀವೇ ಇಸ್ಗೊಂಡ್ರಲ್ರಿ. ನನ್ನ ಕಡಿ ಹೆಸರ ಅಷ್ಟೇ ಅದ.”

ನವೆಂಬರ್ ಒಂದಕ್ಕೆ ಕನ್ನಡಕ ವಿತರಣೆಯ ಸಮಾರಂಭವಿದೆ, ಆಗ ಬಾ ಎಂದು ಕಳಿಸಿದೆ. ಹೊರಗೆ ಹೋಗುವಾಗ ಬಾಗಿಲ ಚೌಕಟ್ಟಿಗೆ ಹಣೆ ಬಡಿದುಕೊಂಡಳು. ಈ ಕಟ್ಟಡದ ಬಾಗಿಲು ಗಿಡ್ಡ.

ಸಂಜೆ ಬಸ್‌ಸ್ಟ್ಯಾಂಡಿನಲ್ಲಿ ಚುರಮುರಿ ಕೊಂಡರೆ ಪೊಟ್ಟಣ ನಮ್ಮ ಕೇಸ್ ಪೇಪರಿನದು! ಭೂಸನೂರಿನ ಯಾರದೋ ಎಡಗಣ್ಣು. ಇನ್ನೂ ನಾಲ್ಕು ಪೊಟ್ಟಣ ಕೊಂಡೆ. ನಾಲ್ಕೂ ಹಳೆಯ ದಿನಪತ್ರಿಕೆ. ರದ್ದಿಯವನ ಹತ್ತಿರ ಹೋದರೆ ಗಂಟುಗಳು ಹೋದವಾರವೇ ಲಾರಿ ಹತ್ತಿದವಂತೆ. ಹೆಂಡತಿ ಗುರುಶಾಂತಮ್ಮ ಐದು ಪೊಟ್ಟಣ ಚುರಮುರಿ ನೋಡಿ, “ಏನಾಗ್ಯದ ನಿಮಗ?” ಎಂದಳು.

ಹೇಳಿದೆ. ಹೆಂಡತಿಗೆ ಹೇಳಿದ್ದು ಒಪ್ಪಿಕೊಂಡಂತೆ ಅಲ್ಲ.

೧೩ ಅಕ್ಟೋಬರ್, ಅಫಜಲಪುರ

ಗುರುಶಾಂತಮ್ಮನ ತವರಿನ ಕಡೆಯವರು ರೇಡಿಯೋ ರಿಪೇರಿಗೆ ಕೊಡುವ ಅಬ್ದುಲ್ ಗನಿ ಎಂಬಾತ ಹೈದರಾಬಾದಿನಲ್ಲಿ ಕಂಪ್ಯೂಟರ್ ರಿಪೇರಿಯೂ ಕಲಿತಿದ್ದಾನೆಂದು ಅವಳೇ ಹೇಳಿದಳು. ಒಬ್ಬ ಪರಿಚಿತರ ಸಮಸ್ಯೆ ಎಂದು ಹೇಳಿ ಕೇಳಿದೆ. ಆತ ಬಿಚ್ಚಿಟ್ಟ ಟಿವಿಯಿಂದ ತಲೆ ಎತ್ತದೆಯೇ ಕೇಳಿದ.

“ಆ ಪರಿಚಯದವ್ರು ಅಳಿಸಿದ ಮ್ಯಾಲ ಮಶೀನಿನಾಗ ಏನರೆ ಬರದಾರೇನ್ರಿ?”

“ಎಂಟು ಪುಟ.”

“ಯಾ ಅಲ್ಲಾ.” ಈಗ ತಲೆ ಎತ್ತಿದ. “ಸರ್, ನೀವು ಸಾಲಿ ಮಾಸ್ತರ್ರು. ಹಾಜರಿ ಪುಸ್ತಕದಾಗ ಹೆಸರು ಹೊಡದ್ರ ಹುಡುಗ ಮಾಯ ಆಗ್ತಾನೇನ್ರಿ? ಬೆಂಚಿನ ಮ್ಯಾಲ ಕುಂತೇ ಇರ್ತಾನ. ಆದ್ರ ಆ ಜಾಗಾ ಖಾಲಿ ಅದ ಅಂತ ತಿಳದು ಹೊಸಾ ಹುಡುಗನ್ನ ಅಲ್ಲೇ ಕುಂದ್ರಿಸಿದ್ರಿ ಅಂದ್ರ, ಮೊದಲನೇದವ ಖರೇನೇ ಹೋಗ್ತಾನ. ನಿಮ್ಮ ಎಂಟು ಪೇಜು ಎಷ್ಟು ಮಂದೀನ ಎಬ್ಬಿಸ್ಯಾವೋ ನೋಡಬೇಕು.”

‘ನಿಮ್ಮ’ ಎಂದ. ತಿದ್ದಲಿಲ್ಲ.

ಹೋದ ಫೈಲು ಹುಡುಕುವ ಸಾಫ್ಟ್‌ವೇರಿನ ಫ್ಲಾಪಿ ಹೈದರಾಬಾದಿನಲ್ಲಿ ಅವನ ಗೆಳೆಯನ ಬಳಿ ಇದೆ. ತರಿಸಲು ಹತ್ತು ದಿನ. ಅಲ್ಲಿಯವರೆಗೆ ಯಂತ್ರಕ್ಕೆ ಒಂದಕ್ಷರವನ್ನೂ ಬರೆಯಬಾರದು, ಆಟ ಆಡಬಾರದು, ಹೊಸದೇನನ್ನೂ ಹಾಕಬಾರದು, ಹಚ್ಚಲೇಬಾರದು. ಹುಡುಕುವ ಸಾಫ್ಟ್‌ವೇರನ್ನೂ ಅದೇ ಡಿಸ್ಕಿಗೆ ಇಳಿಸುವಂತಿಲ್ಲ. ಹುಡುಕಲು ಬಂದದ್ದೇ ಹುಡುಕಬೇಕಾದ್ದನ್ನು ತುಳಿದುಬಿಡುತ್ತದಂತೆ. ಫ್ಲಾಪಿಯಿಂದಲೇ ನಡೆಸಬೇಕು, ಸಿಕ್ಕಿದ್ದನ್ನು ಬೇರೆ ಫ್ಲಾಪಿಗೆ ಇಳಿಸಬೇಕು.

“ಹತ್ತು ದಿನ ಯಾರೂ ಮುಟ್ಟದಂಗ ನೋಡ್ಕೋರಿ. ಅಷ್ಟ ಮಾಡ್ರಿ ಸಾಕು.”

ಅಷ್ಟು ತಾನೇ.

೧೪ ಅಕ್ಟೋಬರ್

ಸಾವ್ಕಾರರು ಸಮಾರಂಭದ ಆಮಂತ್ರಣವನ್ನು ಕಂಪ್ಯೂಟರಿನಲ್ಲೇ ಮಾಡಬೇಕೆಂದರು. ಮುದ್ರಣಾಲಯದ್ದು ಹೆಚ್ಚು ಗಂಭೀರ ಎಂದೆ. ಒಪ್ಪಿದರು.

೧೫ ಅಕ್ಟೋಬರ್

ಜೀವನಚರಿತ್ರೆಗೆ ಅಜ್ಜನ ಒಂದು ಅಧ್ಯಾಯ ಸೇರಿಸಬೇಕೆಂದರು. ಅಜ್ಜನ ವಿಷಯ ಕೈಬರಹದಲ್ಲೇ ಇರಬೇಕು, ಅದು ಗೌರವ ಎಂದೆ. ಒಪ್ಪಿದರು.

೧೬ ಅಕ್ಟೋಬರ್

ಸಾವ್ಕಾರರ ಅಳಿಯ ಕಾರಿನ ಆಟದ ಫ್ಲಾಪಿ ತಂದ. ಮಾತಿನಲ್ಲಿ ಮುಗಿಯಲಿಲ್ಲ. ಕರೆಂಟಿನ ವೈರು ಬಿಚ್ಚಿ ಕೈಚೀಲದಲ್ಲಿ ಹಾಕಿಕೊಂಡು ಮನೆಗೆ ತಂದೆ. ಗುರುಶಾಂತಮ್ಮ ಅದನ್ನು ಜೋಳದ ಹಿಟ್ಟಿನ ಡಬ್ಬಿಯ ಹಿಂದೆ ಇಟ್ಟಳು. “ಈ ವಯಸ್ಸಿನಾಗ ವೈರ್ ಕಳವು ಮಾಡೂದು ಕಲ್ತ್ರಿ” ಎಂದು ನಕ್ಕಳು.

ನಿಂಬೆವ್ವ ಮತ್ತೆ ಬಂದಿದ್ದಳು. ನಿಂಬರ್ಗಾದಿಂದ ಬಸ್ಸಿಗೆ ಬರುವುದು ಅವಳಿಗೆ ಕಷ್ಟ. ಬೋರ್ಡು ಕಾಣುವುದಿಲ್ಲ, ಡ್ರೈವರನ ದನಿ ಕೇಳಿ ಬಸ್ಸು ಗುರುತಿಸುತ್ತಾಳಂತೆ. ಚಹಾ ಕೊಡಿಸಿದೆ. ಬಾಗಿಲು ದಾಟುವಾಗ ತಲೆ ಬಗ್ಗಿಸು ಎಂದೆ.

೨೦ ಅಕ್ಟೋಬರ್

ಖಂಡೇ ಪೂಜೆ, ಅಂದರೆ ಆಯುಧಪೂಜೆ. ಸಾವ್ಕಾರರು ಕುಂಕುಮ, ಬಾಳೆಕಂಬ, ಕಾಯಿ, ಫೋಟೋದವನು ಸಮೇತ ಬಂದರು. “ಮಶೀನ್ ಚಾಲೂ ಮಾಡ್ರಿ. ಪಡದಿ ಮ್ಯಾಲ ನನ್ನ ಹೆಸರು ಬರಬೇಕು, ಅದಕ್ಕ ಆರತಿ ಆಗಬೇಕು.”

“ಸಾವ್ಕಾರ್ರ, ಖಂಡೇ ಪೂಜಿ ದಿನ ನೇಗಿಲಕ್ಕ ವಿಶ್ರಾಂತಿ, ತಕ್ಕಡಿಗಿ ವಿಶ್ರಾಂತಿ. ನಿಮ್ಮ ಮಿಲ್ ಇವತ್ತ ಚಾಲೂ ಅದೇನ್ರಿ?”

“ಇಲ್ಲ.”

“ಮತ್ತ ಇದನ್ನ ಹ್ಯಾಂಗ ದುಡಸೂದ್ರಿ?”

ಆಮೇಲೆ ಕತ್ತಲೆ ಪರದೆಗೇ ಆರತಿಯಾಯಿತು. ಕೀಬೋರ್ಡಿಗೆ ಅರಿಶಿನ ಹೊಕ್ಕಿದೆ. ಅದು ಡಿಸ್ಕಿಗೆ ಇಳಿಯುವುದಿಲ್ಲ ಎಂದುಕೊಂಡಿದ್ದೇನೆ.

ಹೆಸರುಗಳೇ ಇಲ್ಲದೆ ಕನ್ನಡಕ ಹಂಚುವುದು ಹೇಗೆ ಎಂದು ಧೈರ್ಯಮಾಡಿ ಕೇಳಿದೆ. “ನಾಕನೂರಾ ಹನ್ನೆರಡು ಮಂದಿ, ನಾಕನೂರಾ ಹನ್ನೆರಡು ಚಾಳೀಸು. ಒಬ್ಬೊಬ್ಬರಿಗೆ ಒಂದೊಂದು. ಇದರಾಗ ಕಠಿಣ ಏನದ ಮಾಸ್ತರ?” ಎಂದರು.

ತಿಂಗಳ ಹಿಂದೆ ನನಗೂ ಕಠಿಣ ಕಾಣುತ್ತಿರಲಿಲ್ಲವೇನೋ. ಮತ್ತೆ ಪರೀಕ್ಷೆ ಮಾಡಿಸೋಣವೆಂದರೆ ಕಣ್ಣಿನ ಡಾಕ್ಟರು ಈ ಕಡೆ ಬರುವುದು ಮಾರ್ಚಿಗೆ.

೨೩ ಅಕ್ಟೋಬರ್

ಗನಿ ಬಂದ. ಸಾವ್ಕಾರರು ಗುಲ್ಬರ್ಗಕ್ಕೆ ಹೋದ ದಿನವನ್ನೇ ಆರಿಸಿದ್ದೆ. ವೈರು ಸಿಕ್ಕಿಸಿದೆ.

ಫ್ಲಾಪಿಯ ಮೂಲೆಯ ಚಿಕ್ಕ ಗುಂಡಿ ಸರಿಸಿ ಅದಕ್ಕೂ ಬರೆಯಲಾಗದಂತೆ ಮಾಡಿದ. ನನ್ನ ಪರಿಚಿತರು ಇವನಿಂದ ಕಲಿಯುವುದು ಬಹಳವಿತ್ತು. ಪರದೆಯ ಮೇಲೆ ಊರುಗಳು ಒಂದೊಂದಾಗಿ ಮೂಡಿದವು. ಪ್ರತಿಯೊಂದರ ಮೊದಲಕ್ಷರ ಮಾತ್ರ ಇಲ್ಲ, ಅಲ್ಲಿ ಪ್ರಶ್ನಾರ್ಥಕ ಚಿಹ್ನೆ. ಅಳಿಸುವುದೆಂದರೆ ಯಂತ್ರ ಮೊದಲಕ್ಷರವೊಂದನ್ನು ಹೊಡೆದು, ಇನ್ನು ಇವರು ಇಲ್ಲ ಎಂದು ತಿಳಿಯುವುದಂತೆ. ನಿವೃತ್ತಿಯ ದಿನ ಇಲಾಖೆ ನನ್ನ ಹೆಸರಿನ ಹಿಂದಿನ ‘ಹೆಡ್‌ಮಾಸ್ತರ’ ತೆಗೆದದ್ದು ನೆನಪಾಯಿತು.

“ಇದರ ಮೊದಲನೇ ಅಕ್ಷರ ಹೇಳ್ರಿ.”

ಹೇಳಿದೆ. ಜಿಡಗಾ ಬಂತು. ಭೂಸನೂರ ಬಂತು. ನಾನು ಎದ್ದು ನಿಂತು ಕೈಕುಲುಕಲು ಹೋದೆ.

“ತಡೀರಿ ಸರ್. ಹೆಸರು ಬಂದ್ರ ಬಂದಂಗಲ್ಲ. ತಗದು ಓದಿ ನೋಡಬೇಕು.”

ತೆಗೆದು ಓದಿದೆವು. ಬಹಳಷ್ಟು ಇದೆ, ಆದರೆ ಕಲಸಿದೆ. ಜಿಡಗಾದ ಅರ್ಧ ಭೂಸನೂರಿನೊಳಗೆ, ಭೂಸನೂರಿನ ಬಾಲ ಇನ್ನೆಲ್ಲೋ. ಕೊನೆಗೆ ನಿಂಬರ್ಗಾ. ಮೊದಲ ಕೆಲವು ಸಾಲು ಸರಿಯಾಗಿದ್ದವು. ಆಮೇಲೆ ಒಬ್ಬರ ಹೆಸರು, ಬಲಗಣ್ಣು, ಪವರಿನ ಅಂಕಿ, ಮತ್ತು ಅದೇ ಸಾಲಿನಲ್ಲಿ ಇಂಗ್ಲಿಷಿನಲ್ಲಿ: ತೊಟ್ಟಿಲಲ್ಲಿದ್ದಾಗಲೇ ಆ ಮಹನೀಯರ ಮುಖದಲ್ಲಿ ನಾಯಕತ್ವದ ಕಳೆ ಉದಯಿಸಿತ್ತು.

ನನ್ನ ವಾಕ್ಯ. ಅಲ್ಲಿಂದ ಮುಂದೆ ಎಂಟೂ ಪುಟ.

“ಈ ನಲವತ್ತೇಳು ಮಂದಿ ಹ್ವಾದ್ರು” ಎಂದ ಗನಿ, ನಡುವೆ ಬಿಟ್ಟುಹೋದ ನಂಬರುಗಳನ್ನು ಎಣಿಸಿ. “ಮ್ಯಾಲ ಬರದ ಬಿಟ್ಟೀರಿ. ಯಾವ ಸಾಫ್ಟ್‌ವೇರ್ ತಂದ್ರೂ ಬರೂದಿಲ್ಲ. ಉಳದವ್ರನ್ನ ಟೈಪ್ ಮಾಡಿದಾಕಿ ಕುಂತು ಜೋಡಸಬೇಕು. ಆಕೀನ ಕರೀರಿ.”

ಇವತ್ತು ಇನ್ನು ಬರೆಯುವುದಿಲ್ಲ.

೨೫ ಅಕ್ಟೋಬರ್, ಜೇವರ್ಗಿ

ಅಮೀರುನ್ನಿಸಾ ಅಕ್ಕನ ಮನೆಗೆ ಬಂದುಬಿಟ್ಟಿದ್ದಳು. ಕೂರಿಸಿ ನೀರು ಕೊಟ್ಟಳು. ಅಕ್ಕನ ಹೊಲಿಗೆ ಯಂತ್ರದ ಮುಂದೆ ಕುಳಿತು ರವಿಕೆಗೆ ಗುಂಡಿ ಹಚ್ಚುತ್ತಿದ್ದಳು.

ಫೈಲುಗಳು ಸಿಕ್ಕವೆಂದೂ, ಸಮಾರಂಭ ಹತ್ತಿರ ಬಂತೆಂದೂ, ಸಮಾಜದ ಹಿತದೃಷ್ಟಿಯಿಂದ ಅವಳ ಸೇವೆ ಅಗತ್ಯವೆಂದೂ ಹೇಳಿದೆ. ಸೂಜಿ ನಿಲ್ಲಲಿಲ್ಲ.

“ಸರ್, ಇಲ್ಲಿ ಹೊಸಾ ಆಫೀಸಿನಾಗ ಕೆಲಸ ಕೇಳಾಕ ಹೋಗಿದ್ದೆ. ಆಳಂದದಾಗ ಫೈಲ್ ಅಳಿಸಿದಾಕಿ ನೀನೇ ಏನು ಅಂತ ಕೇಳಿದ್ರು. ಎಪ್ಪತ್ತು ಕಿಲೋಮೀಟರ್ ಮ್ಯಾಲ ಅದು ನನ್ನಕಿಂತ ಮೊದಲ ಬಂದಿತ್ತು. ನಾ ಏನಂತ ಹೇಳ್ಲಿ ಹೇಳ್ರಿ.”

ಹೇಳಬೇಕಾದ್ದು ಬಹಳ ಇತ್ತು. ಬಸ್ಸಿನಲ್ಲಿ ಜೋಡಿಸಿಕೊಂಡೂ ಬಂದಿದ್ದೆ. ಬಾಯಿಂದ ಬಂದದ್ದು ಇಷ್ಟೇ: “ಅಳಿಸಿದಾವ ನಾನು.”

“ಗೊತ್ತದ್ರಿ” ಎಂದಳು. “ಶನಿವಾರ ನೀವು ಒಬ್ರೇ ಇದ್ರಿ. ಸೋಮವಾರ ನಿಮ್ಮ ಎಂಟು ಪೇಜು ಹೊಸದಾಗಿ ಅದರಾಗ ಇದ್ವು.”

“ಮತ್ತ ಅವತ್ತೇ ಯಾಕ ಅನ್ನಲಿಲ್ಲ?”

“ಅಂದಿದ್ರ ಯಾರು ನಂಬ್ತಿದ್ರು? ನೀವು ಹೆಡ್‌ಮಾಸ್ತರ್ರು.” ದಾರ ಹಲ್ಲಿನಿಂದ ಕಡಿದಳು. “ಸಾವ್ಕಾರ್ರ ಮುಂದ ಹೇಳ್ತೀರೇನು? ಹೇಳಿದ್ರ ಬರ್ತೇನಿ.”

ಹೇಳುತ್ತೇನೆಂದೆ. ಮೊದಲ ಸಲ ನನಗೆ ಅಷ್ಟು ಖಚಿತವಿರಲಿಲ್ಲ.

೨೬ ಅಕ್ಟೋಬರ್

ಹೇಳಿದೆ. ಅಮೀರುನ್ನಿಸಾ ಪಕ್ಕದಲ್ಲೇ ನಿಂತಿದ್ದಳು.

ಸಾವ್ಕಾರರು ಎದ್ದುಹೋಗಿ ಬಾಗಿಲು ಮುಚ್ಚಿ ಬಂದರು. “ಹಗರ್ಕ ಮಾತಾಡ್ರಿ ಮಾಸ್ತರ! ಪೇಪರಿನವ್ರಿಗಿ ವೈರಸ್ ಬಂದಿತ್ತಂತ ಹೇಳಿಬಿಟ್ಟೀನಿ. ಫಾರಿನ್ ವೈರಸ್. ಆಳಂದ ತಾಲೂಕಿನಾಗ ಮೊದಲನೇದು. ಈಗ ಹೆಡ್‌ಮಾಸ್ತರ ಅಂದ್ರ ಯಾರು ಛಾಪಸ್ತಾರ?”

“ಹಂಗಾದ್ರ ಈ ಹುಡುಗೀನ ಯಾಕ ಬಿಡಿಸಿದ್ರಿ?”

“ಆವಾಗ ವೈರಸ್ ಅಂತಿರ್ತದ ಅಂತ ನನಗೆಲ್ಲಿ ಗೊತ್ತಿತ್ತು?”

ನಿಂಬರ್ಗಾದ ನಲವತ್ತೇಳು ಮಂದಿಯ ವಿವರದ ಮೇಲೆ ಜೀವನಚರಿತ್ರೆ ಬಿದ್ದು ಅವರು ಪೂರ್ತಿ ಅಳಿಸಿಹೋದರು ಎಂದೆ. ಸಾವ್ಕಾರರ ಮುಖ ಗಂಭೀರವಾಯಿತು.

“ಚರಿತ್ರಿಗಿ ಏನೂ ಆಗಿಲ್ಲಲ್ಲ?”

ಅಮೀರುನ್ನಿಸಾಳ ತಪ್ಪಿಲ್ಲ, ತಪ್ಪು ನನ್ನದು ಎಂದು ಬರೆದು ಸಹಿ ಮಾಡಿದ ಕಾಗದ ಮೇಜಿನ ಮೇಲಿಟ್ಟೆ. ಮುಟ್ಟಲಿಲ್ಲ. ನಮ್ಮದು ಕಾಗದಮುಕ್ತ ಕಚೇರಿ ಎಂದರು. ಹಾಗಾದರೆ ಇದನ್ನು ಜೇವರ್ಗಿಯ ಆ ಆಫೀಸಿಗೂ ಪೇಪರಿನವರಿಗೂ ಒಂದೊಂದು ಕಳಿಸುತ್ತೇನೆ ಎಂದೆ. ಇದನ್ನು ಬೆದರಿಕೆ ಎನ್ನಬಹುದೋ ಏನೋ. ಅಮೀರುನ್ನಿಸಾ ಸೋಮವಾರದಿಂದ ಕೆಲಸಕ್ಕೆ ಬರುತ್ತಾಳೆ. ಜೇವರ್ಗಿಗೆ ಕಾಗದ ಹೇಗೂ ಹಾಕಿದೆ.

೩೧ ಅಕ್ಟೋಬರ್

ನಾಲ್ಕು ದಿನ ಅವಳು ಜೋಡಿಸಿದಳು, ನಾನು ಓದಿ ಹೇಳಿದೆ. ಒಂದೊಂದು ಊರು ಮುಗಿದಾಗಲೂ ಎರಡು ಫ್ಲಾಪಿಗೆ ಇಳಿಸಿದಳು. ಫ್ಲಾಪಿ ತಂದದ್ದು ನಾನು. ಮುನ್ನೂರ ಅರವತ್ತೈದು ಹೆಸರು ನೆಟ್ಟಗಾದವು. ಈ ತಾಲೂಕಿನಲ್ಲಿ ಎಷ್ಟು ಮಂದಿ ತುಳಜಾಬಾಯಿಯರಿದ್ದಾರೆ! ಭೂಸನೂರಿನ ತುಳಜಾಬಾಯಿಗೆ ಎಡಗಣ್ಣು, ಜಿಡಗಾದವಳಿಗೆ ಬಲಗಣ್ಣು.

೧ ನವೆಂಬರ್

ಸಮಾರಂಭ ಆಯಿತು. ಭಾಷಣ ಎರಡು ಗಂಟೆ, ವಿತರಣೆ ಇಪ್ಪತ್ತು ನಿಮಿಷ. ಫೋಟೋಗೆಂದು ಸಾವ್ಕಾರರು ಮೊದಲ ಕನ್ನಡಕವನ್ನು ಗಂಗುಬಾಯಿ ಎಂಬಾಕೆಗೆ ತಲೆಕೆಳಗಾಗಿ ಹಾಕಿದರು. ಅಮೀರುನ್ನಿಸಾ ಹಿಂದಿನಿಂದ ಬಂದು ತಿರುಗಿಸಿದಳು.

ಉಳಿದ ನಲವತ್ತೇಳನ್ನು ನಿಂಬರ್ಗಾದವರಿಗೆ ಅಲ್ಲೇ ಕೈಗೆ ಬಂದಂತೆ ಕೊಟ್ಟು ಮುಗಿಸಿ ಎಂದರು ಸಾವ್ಕಾರರು. ಟ್ರಂಕಿನ ಮೇಲೆ ನಾನು ಕುಳಿತೆ. ಸಮಾರಂಭ ಮುಗಿದು ಜನ ಕರಗುವವರೆಗೆ ಏಳಲಿಲ್ಲ.

೩ ನವೆಂಬರ್, ನಿಂಬರ್ಗಾ

ಟ್ರಂಕನ್ನು ಬಸ್ಸಿನ ಮೇಲೆ ಹಾಕಿಸಿಕೊಂಡು ನಾನೂ ಅಮೀರುನ್ನಿಸಾಳೂ ಬೆಳಿಗ್ಗೆಯೇ ಬಂದೆವು. ನಾನು ಹನ್ನೊಂದು ವರ್ಷ ಹೆಡ್‌ಮಾಸ್ತರನಾಗಿದ್ದ ಶಾಲೆಯ ಪಡಸಾಲೆ. ನಲವತ್ತೇಳೂ ಮಂದಿ ಬಂದು ಕುಳಿತಿದ್ದರು. ನಲವತ್ತೇಳು ಕನ್ನಡಕಗಳೂ ಇವರವೇ. ಯಾರದು ಯಾವುದು ಎಂಬುದಷ್ಟೇ ಗೊತ್ತಿಲ್ಲ.

ಅಮೀರುನ್ನಿಸಾ ಮೊದಲು ಎಡಗಣ್ಣಿನವರನ್ನು ಒಂದು ಸಾಲು, ಬಲಗಣ್ಣಿನವರನ್ನು ಒಂದು ಸಾಲು ಮಾಡಿದಳು. ಆಪರೇಶನ್ ಆದ ಕಣ್ಣಿನ ಕಡೆಯ ಗಾಜು ದಪ್ಪ, ಹಾಗಾಗಿ ಕನ್ನಡಕಗಳೂ ಎರಡು ಪಾಲಾದವು. ಎಡಸಾಲು ಅವಳು ತೆಗೆದುಕೊಂಡಳು, ಬಲಸಾಲು ನಾನು. ಒಂದೊಂದೇ ಹಾಕಿ ನೋಡುವುದು, ಮಸುಕಾದರೆ ಇನ್ನೊಂದು.

ನನ್ನ ಸಾಲು ಬೇಗ ಬೇಗ ಸರಿಯಿತು. “ಕಾಣ್ತದೇನು?” ಎನ್ನುತ್ತಿದ್ದೆ. “ಕಾಣ್ತದ್ರಿ ಸರ್” ಎನ್ನುತ್ತಿದ್ದರು. ಅವಳ ಸಾಲು ನಿಧಾನ. ಅವಳು ಅಂಗಳದ ಬೇವಿನ ಮರದವರೆಗೆ ನಡೆದುಹೋಗಿ, ಬೆರಳೆತ್ತಿ, ಎಷ್ಟೆಂದು ಕೇಳಿ, ಮತ್ತೆ ನಡೆದು ಬರುತ್ತಿದ್ದಳು.

ಊಟದ ಹೊತ್ತಿಗೆ ನನ್ನ ಸಾಲಿನಲ್ಲಿ ಉಳಿದದ್ದು ಒಂದೇ ಕನ್ನಡಕ, ಉಳಿದವಳು ನಿಂಬೆವ್ವ. ಹಾಕಿದೆ.

“ಕಾಣ್ತದೇನು?”

“ಎಲ್ಲಿ ಕಾಣ್ತದ? ಬರೇ ಹೊಗಿ. ಇದು ನಂದಲ್ಲ ತಗೀರಿ” ಎಂದು ನನ್ನ ಕೈಗೇ ತುರುಕಿದಳು.

ಇವಳದು ಬೇರೆ ಯಾರದೋ ಮೂಗಿನ ಮೇಲಿದೆ ಎಂದಾಯಿತು. ಆದರೆ ಎಲ್ಲರೂ ಕಾಣುತ್ತದೆ ಎಂದಿದ್ದಾರಲ್ಲ. ಅಮೀರುನ್ನಿಸಾ ನನ್ನ ಸಾಲಿನ ಕಡೆ ನೋಡಿ ಮೆಲ್ಲಗೆ ಹೇಳಿದಳು: “ಸರ್, ಕಾಣ್ತದೇನು ಅಂತ ನೀವು ಕೇಳಬ್ಯಾಡ್ರಿ. ನಾ ಕೇಳ್ತೇನಿ.”

ತನ್ನ ಸಾಲು ಮುಗಿಸಿಕೊಂಡು ಬಂದು ನನ್ನ ಸಾಲಿನವರನ್ನೆಲ್ಲ ಮತ್ತೆ ಕೂರಿಸಿದಳು. ಮರದ ಬುಡದಲ್ಲಿ ನಿಂತು ಬೆರಳೆತ್ತಿದಳು. ಒಬ್ಬೊಬ್ಬರೇ ಸರಿ ಹೇಳಿದರು. ಹದಿನಾರನೆಯವನು ನಾಗಣ್ಣ. ನನ್ನ ಕಾಲದ ಈ ಶಾಲೆಯ ಜವಾನ, ಹನ್ನೊಂದು ವರ್ಷ ನನಗಾಗಿ ಗಂಟೆ ಹೊಡೆದವನು. ಅವನು ಬೆರಳು ಎಷ್ಟೆನ್ನಲಿಲ್ಲ. ನಾನು ಕುಳಿತಿದ್ದ ಕಡೆ ಮುಖ ತಿರುಗಿಸಿದ.

“ನಾಗಣ್ಣ, ಮುಂಜಾನಿ ಕಾಣ್ತದ ಅಂದ್ಯಲ್ಲೋ!”

“ನೀವು ಕೇಳಿದ್ರಿ. ಹೌದಂದೆ ಸರ್.”

“ಕಾಣಲಾರದ ಯಾಕಂದಿ?”

“ಇಲ್ಲ ಅಂದ್ರ ನಿಮಗ ಸಿಟ್ಟು ಬರ್ತಿತ್ತಲ್ರಿ.”

ಕೋಪದಿಂದ ಹೇಳಿದ್ದಲ್ಲ. ಮಳೆ ಬಂದರೆ ನೆಲ ಒದ್ದೆಯಾಗುತ್ತದಲ್ಲ, ಹಾಗೆ ಹೇಳಿದ.

ಅವನ ಕನ್ನಡಕ ತೆಗೆದು ನಿಂಬೆವ್ವನಿಗೆ ಹಾಕಿದೆ. ಅವಳು ಬೇವಿನ ಮರದ ಕಡೆ ನೋಡಿ, “ಮೂರು” ಎಂದಳು. ಆಮೇಲೆ, “ಬಳಿ ಹಸರು ಹಾಕ್ಕೊಂಡಾಳ” ಎಂದಳು.

ಉಳಿದದ್ದನ್ನು ನಾಗಣ್ಣನಿಗೆ ಹಾಕಿದೆ. ಏನೂ ಕೇಳಲಿಲ್ಲ, ಸುಮ್ಮನೆ ಎದುರಿಗೆ ಕುಳಿತೆ. ಅವನು ಮೊದಲು ತನ್ನ ಅಂಗೈ ನೋಡಿಕೊಂಡ. ಕಂಬ ನೋಡಿದ, ಗಂಟೆ ತೂಗುವ ಕೊಕ್ಕೆ ನೋಡಿದ, ಬಹಳ ಹೊತ್ತು ನನ್ನನ್ನು ನೋಡಿದ.

“ಸರ್, ಸಿಟ್ಟಾಗಬ್ಯಾಡ್ರಿ. ನಿಮ್ಮ ಅಂಗಿ ಗುಂಡಿ ಮ್ಯಾಲಕೆಳಗ ಹಾಕ್ಕೊಂಡೀರಿ.”

ನೋಡಿಕೊಂಡೆ. ಹೌದು. ಆಳಂದದಲ್ಲಿ ಬಸ್ಸು ಹತ್ತಿದಾಗಿನಿಂದ ಹಾಗೇ ಇದ್ದೆ. ಅಷ್ಟೊತ್ತಿಗೆ ನಲವತ್ತಾರು ಮಂದಿಗೆ ಕಣ್ಣು ಬಂದಿತ್ತು, ಒಬ್ಬರೂ ಹೇಳಿರಲಿಲ್ಲ.